ಕ್ಷ-ಕಿರಣದ ಆಕಾಶಕ್ಕೆ ಹೊರಟವರಿಗೆ

ಖಗೋಳ ವಿಜ್ಞಾನಿಯಾಗಬೇಕು ಎನ್ನುವ ಹುಡುಗ ಹುಡುಗಿಯರು ಈಗ ಊರೂರಲ್ಲೂ ಸಿಗುತ್ತಾರೆ. ಸಂತೋಷದ ವಿಷಯ. ಅವರಲ್ಲಿ ಕೆಲವರು ಕಪ್ಪುಕುಳಿ, ನ್ಯೂಟ್ರಾನ್ ತಾರೆ ಎಂದೆಲ್ಲ ಓದಿ, ಕ್ಷ-ಕಿರಣ ಖಗೋಳವಿಜ್ಞಾನವೇ ತಮ್ಮ ದಾರಿ ಎಂದು ನಿಶ್ಚಯಿಸಿಕೊಂಡಿರುತ್ತಾರೆ. ಕಾಲೇಜಿನಲ್ಲಿ ಭೌತವಿಜ್ಞಾನದ ಪಾಠ ಹೇಳುತ್ತಲೇ ತಲೆ ನರೆತ ನನ್ನಂಥವನ ಬಳಿ ಬಂದು, "ಸಾರ್, ಯಾವ ಪರೀಕ್ಷೆ ಬರೆಯಬೇಕು?" ಎಂದು ಕೇಳುತ್ತಾರೆ. ಪರೀಕ್ಷೆಯ ಹೆಸರು ಹೇಳುವುದು ಸುಲಭ, ಕೊನೆಯಲ್ಲಿ ಹೇಳುತ್ತೇನೆ. ಅದಕ್ಕೂ ಮೊದಲು ಕಿವಿಯಲ್ಲಿ ಹಾಕಬೇಕಾದ ಮಾತೊಂದಿದೆ. ಈ ವೃತ್ತಿಯಲ್ಲಿ ಫಲ ತಡವಾಗಿ ಬರುತ್ತದೆ, ಕೆಲವೊಮ್ಮೆ ಬರುವುದೇ ಇಲ್ಲ. ಆದ್ದರಿಂದ ಆಯುಷ್ಯವನ್ನೆಲ್ಲ ಒಂದೇ ಫಲಿತಾಂಶದ ಮೇಲೆ ಪಣಕ್ಕಿಡಬೇಡಿ. ಒಂದು ಒಳ್ಳೆಯ ಪ್ರಶ್ನೆಯನ್ನು ಹಿಡಿಯಿರಿ, ಒಂದು ಕೈಕೆಲಸವನ್ನು ಚೆನ್ನಾಗಿ ಕಲಿಯಿರಿ. ಕಟ್ಟಿದ ಉಪಗ್ರಹ ಸಮುದ್ರದ ಪಾಲಾದರೂ ಇವೆರಡು ನಿಮ್ಮ ಬಳಿ ಉಳಿಯುತ್ತವೆ.

ಈ ಕೆಲಸ ಹೇಗಿರುತ್ತದೆ ಎಂಬುದನ್ನು ಮುಚ್ಚುಮರೆಯಿಲ್ಲದೆ ಹೇಳಿಬಿಡುತ್ತೇನೆ. ಆಕಾಶದಿಂದ ಬರುವ ಕ್ಷ-ಕಿರಣಗಳನ್ನು ನಮ್ಮ ವಾತಾವರಣ ಮೇಲೆಯೇ ನುಂಗಿಬಿಡುತ್ತದೆ. ಅದು ನಮ್ಮ ಪುಣ್ಯ, ಇಲ್ಲದಿದ್ದರೆ ಜೀವಿಗಳು ಬದುಕುತ್ತಿರಲಿಲ್ಲ. ಆದರೆ ಅವುಗಳನ್ನು ನೋಡಬೇಕೆನ್ನುವವನಿಗೆ ಅದೇ ಅಡ್ಡಗೋಡೆ. ಬೆಟ್ಟದ ತುದಿಯಲ್ಲಿ ದೂರದರ್ಶಕ ಇಟ್ಟುಕೊಂಡು ಕೂತರೆ ಏನೂ ಕಾಣುವುದಿಲ್ಲ. ಬಲೂನು, ರಾಕೆಟ್ಟು ಅಥವಾ ಉಪಗ್ರಹದಲ್ಲಿ ಉಪಕರಣವನ್ನು ಮೇಲಕ್ಕೆ ಕಳಿಸಬೇಕು. ಹೀಗಾಗಿ ಕ್ಷ-ಕಿರಣ ಖಗೋಳಜ್ಞನ ಬದುಕಿನ ಬಹುಪಾಲು ಹಗಲಿನಲ್ಲಿ, ಪ್ರಯೋಗಾಲಯದೊಳಗೆ, ಕಂಪ್ಯೂಟರ್ ಮುಂದೆ, ಸಭೆಗಳಲ್ಲಿ ಕಳೆದುಹೋಗುತ್ತದೆ. ನಕ್ಷತ್ರ ಎಣಿಸುವ ರಾತ್ರಿಗಳ ಆಸೆಯಿಂದ ಬಂದವರಿಗೆ ಇಲ್ಲಿ ನಿರಾಸೆ ಖಂಡಿತ.

ಈ ಶಾಸ್ತ್ರ ಹುಟ್ಟಿದ ಬಗೆಯನ್ನೇ ನೋಡಿ. ರಿಕಾರ್ಡೊ ಜಿಯಾಕೋನಿ ಇಟಲಿಯಲ್ಲಿ ಹುಟ್ಟಿದವರು. ತರುಣರಾಗಿದ್ದಾಗ ಆಲ್ಪ್ಸ್ ಪರ್ವತದ ಮೇಲೆ ಕಾಸ್ಮಿಕ್ ಕಿರಣಗಳನ್ನು ಹಿಡಿಯಲು ದೊಡ್ಡ ಮೇಘಪೆಟ್ಟಿಗೆ ಕಟ್ಟಿ ವಾರಗಟ್ಟಲೆ ಅಲ್ಲೇ ಇರುತ್ತಿದ್ದರು. ಎರಡು ವರ್ಷ ದುಡಿದು ಅವರಿಗೆ ಸಿಕ್ಕಿದ್ದು ಸುಮಾರು 80 ಘಟನೆಗಳು. ಇಷ್ಟು ಸಣ್ಣ ಲೆಕ್ಕದಿಂದ ದೊಡ್ಡ ಮಾತು ಆಡಲಾಗದು ಎಂಬ ಪಾಠವನ್ನು ಅವರು ಅಲ್ಲೇ ಕಲಿತರು. 1959ರಲ್ಲಿ ಅಮೆರಿಕದ ಕೇಂಬ್ರಿಡ್ಜ್‌ನಲ್ಲಿದ್ದ ಒಂದು ಸಣ್ಣ ಖಾಸಗಿ ಕಂಪನಿ ಸೇರಿದಾಗ, ಹಿರಿಯ ವಿಜ್ಞಾನಿ ಬ್ರೂನೋ ರೊಸ್ಸಿ ಅವರಿಗೆ ಆಕಾಶದ ಕ್ಷ-ಕಿರಣಗಳ ಕಡೆ ಕೈ ತೋರಿಸಿದರು. ಸೂರ್ಯನಿಂದ ಕ್ಷ-ಕಿರಣ ಬರುವುದು ಆಗಲೇ ಗೊತ್ತಿತ್ತು. ಆದರೆ ದೂರದ ನಕ್ಷತ್ರಗಳೂ ಸೂರ್ಯನಂತೆಯೇ ಇದ್ದರೆ ಅವುಗಳ ಕ್ಷ-ಕಿರಣ ಯಾವ ಉಪಕರಣಕ್ಕೂ ಎಟುಕುವಷ್ಟಿರುವುದಿಲ್ಲ ಎಂದು ಬಲ್ಲವರು ಲೆಕ್ಕ ಹಾಕಿದ್ದರು. ಹಾಗಾಗಿ ಚಂದ್ರನ ಮೇಲ್ಮೈಯಿಂದ ಕ್ಷ-ಕಿರಣ ಹೊಮ್ಮುತ್ತದೆಯೇ ನೋಡುತ್ತೇವೆ ಎಂದು ಹೇಳಿ ಅಮೆರಿಕದ ವಾಯುಪಡೆಯಿಂದ ಹಣ ತಂದರು.

1960ರ ಮೊದಲ ಪ್ರಯತ್ನದಲ್ಲಿ ರಾಕೆಟ್ಟೇ ಕೈಕೊಟ್ಟಿತು. 1961ರಲ್ಲಿ ರಾಕೆಟ್ ಸರಿಯಾಗಿಯೇ ಏರಿತು, ಆದರೆ ಉಪಕರಣದ ಮುಂದಿನ ಬಾಗಿಲು ತೆರೆಯಲಿಲ್ಲ. 1962ರ ಜೂನ್ ತಿಂಗಳ ಒಂದು ಮಧ್ಯರಾತ್ರಿ ನ್ಯೂ ಮೆಕ್ಸಿಕೋದ ವೈಟ್ ಸ್ಯಾಂಡ್ಸ್‌ನಿಂದ ಮೂರನೆಯ ರಾಕೆಟ್ ಹಾರಿತು. ತನ್ನ ಸುತ್ತ ತಾನೇ ತಿರುಗುತ್ತ ಏರಿದ ಆ ರಾಕೆಟ್ಟಿಗೆ ವಾತಾವರಣದ ಮೇಲೆ ಸಿಕ್ಕ ಸಮಯ ಆರು ನಿಮಿಷಕ್ಕೂ ಕಡಿಮೆ. ಗೈಗರ್ ಕೌಂಟರುಗಳ ಎಣಿಕೆ ಒಂದು ದಿಕ್ಕಿನಲ್ಲಿ ಏರುತ್ತಿತ್ತು. ಅದು ಚಂದ್ರನ ದಿಕ್ಕಾಗಿರಲಿಲ್ಲ. ಮೂಲ ಇದ್ದದ್ದು ವೃಶ್ಚಿಕ ರಾಶಿಯ ಕಡೆ. ಮುಂದೆ ಅದಕ್ಕೆ ಸ್ಕಾರ್ಪಿಯಸ್ ಎಕ್ಸ್-1 ಎಂಬ ಹೆಸರಾಯಿತು. ಸಂಗಾತಿ ನಕ್ಷತ್ರದಿಂದ ದ್ರವ್ಯವನ್ನು ಸೆಳೆದುಕೊಳ್ಳುತ್ತಿರುವ ನ್ಯೂಟ್ರಾನ್ ತಾರೆ ಅದು. ಎಲ್ಲ ದಿಕ್ಕಿನಿಂದಲೂ ಸಮನಾಗಿ ಬರುವ ಮಂದ ಹಿನ್ನೆಲೆಯೊಂದೂ ಅದೇ ಹಾರಾಟದಲ್ಲಿ ಸಿಕ್ಕಿತು.

ಇದನ್ನು ಅದೃಷ್ಟ ಎನ್ನುವವರಿದ್ದಾರೆ. ಜಿಯಾಕೋನಿ ತಂಡದ ಉಪಕರಣ ಅಲ್ಲಿಯವರೆಗಿನ ಉಪಕರಣಗಳಿಗಿಂತ ಹತ್ತಾರು ಪಟ್ಟು ಸೂಕ್ಷ್ಮವಾಗಿತ್ತು. ಕೌಂಟರಿನ ಕಿಟಕಿ ದೊಡ್ಡದಿತ್ತು. ಕಾಸ್ಮಿಕ್ ಕಿರಣಗಳ ಸುಳ್ಳು ಎಣಿಕೆಯನ್ನು ತಳ್ಳಿಹಾಕುವ ವ್ಯವಸ್ಥೆಯನ್ನೂ ಅದಕ್ಕೆ ಜೋಡಿಸಿದ್ದರು. ಅಷ್ಟು ತಯಾರಿ ಇದ್ದವರ ಕಣ್ಣಿಗೇ ಆ ಅದೃಷ್ಟ ಬಿದ್ದದ್ದು. ಇನ್ನೊಂದು ಮಾತು. ಜೂನ್‌ನಲ್ಲಿ ಕಂಡದ್ದನ್ನು ಅವರು ಪತ್ರಿಕೆಯಲ್ಲಿ ಪ್ರಕಟಿಸಿದ್ದು ಡಿಸೆಂಬರಿನಲ್ಲಿ. ನಡುವಿನ ತಿಂಗಳುಗಳು ತಮ್ಮ ಫಲಿತಾಂಶ ಬೇರಾವ ಕಾರಣದಿಂದ ಬಂದಿರಬಹುದೆಂದು ಒಂದೊಂದಾಗಿ ಪರೀಕ್ಷಿಸುವುದರಲ್ಲಿ ಕಳೆದವು. ಕೂಸು ಹುಟ್ಟುವ ಮುನ್ನ ಕುಲಾವಿ ಹೊಲಿಸುವವರಿಗೆ ಈ ವಿದ್ಯೆ ಒಗ್ಗುವುದಿಲ್ಲ.

1963ರಲ್ಲೇ ಜಿಯಾಕೋನಿ 1.2 ಮೀಟರ್ ವ್ಯಾಸದ ಕ್ಷ-ಕಿರಣ ದೂರದರ್ಶಕವನ್ನು ಅಂತರಿಕ್ಷಕ್ಕೆ ಏರಿಸುವ ಯೋಜನೆ ಬರೆದು ಕೊಟ್ಟಿದ್ದರು. ಅದು ಚಂದ್ರಾ ವೀಕ್ಷಣಾಲಯವಾಗಿ ಮೇಲೇರಿದ್ದು 1999ರ ಜುಲೈನಲ್ಲಿ. ನಡುವೆ 36 ವರ್ಷ. ಅಷ್ಟು ಕಾಲ ಅವರು ಬಾಗಿಲು ಕಾಯುತ್ತ ಕೂರಲಿಲ್ಲ. 1970ರಲ್ಲಿ ಕೆನ್ಯಾ ಕರಾವಳಿಯ ಸಾಗರವೇದಿಕೆಯಿಂದ ಉಹುರು ಉಪಗ್ರಹವನ್ನು ಕಳಿಸಿದರು. ಅದು 339 ಮೂಲಗಳ ಪಟ್ಟಿ ಕೊಟ್ಟಿತು. 1978ರಲ್ಲಿ ಐನ್‌ಸ್ಟೈನ್ ವೀಕ್ಷಣಾಲಯ ಬಂತು. ಆಮೇಲೆ ಹಬಲ್ ದೂರದರ್ಶಕವನ್ನು ನಡೆಸುವ ಸಂಸ್ಥೆಗೂ ಯೂರೋಪಿನ ದಕ್ಷಿಣ ವೀಕ್ಷಣಾಲಯಕ್ಕೂ ಮುಖ್ಯಸ್ಥರಾದರು. 2002ರಲ್ಲಿ ನೊಬೆಲ್ ಬಂದಾಗ ಅವರಿಗೆ ಎಪ್ಪತ್ತು ದಾಟಿತ್ತು. ಆಯುಷ್ಯವನ್ನೆಲ್ಲ ಆ ಬಹುಮಾನದ ದಾರಿ ಕಾಯುತ್ತ ಕಳೆದಿದ್ದರೆ ಇದರಲ್ಲಿ ಅರ್ಧವೂ ಆಗುತ್ತಿರಲಿಲ್ಲ.

ದೂರದವರ ಕಥೆ ನಮಗೇಕೆ ಎನ್ನುವವರಿಗೆ ನಂಜನಗೂಡಿನ ಕಡೆ ಕೈ ತೋರಿಸುತ್ತೇನೆ. 1925ರಲ್ಲಿ ಅಲ್ಲಿ ಹುಟ್ಟಿದ ಬಿ. ವಿ. ಶ್ರೀಕಂಠನ್ ಬೆಂಗಳೂರಿನ ಸೆಂಟ್ರಲ್ ಕಾಲೇಜಿನಲ್ಲಿ ಓದಿ, 1948ರಲ್ಲಿ ಹೋಮಿ ಭಾಭಾ ಅವರ ಟಾಟಾ ಮೂಲಭೂತ ಸಂಶೋಧನಾ ಸಂಸ್ಥೆ ಸೇರಿದರು. ಅವರಿಗೆ ಸಿಕ್ಕ ಮೊದಲ ದೊಡ್ಡ ಕೆಲಸ ಆಕಾಶಕ್ಕೆ ನೇರ ವಿರುದ್ಧ ದಿಕ್ಕಿನದು. 1950ರ ದಶಕದ ಆರಂಭದಲ್ಲಿ ಕೋಲಾರದ ಚಿನ್ನದ ಗಣಿಯೊಳಗೆ ಇಳಿದು ಮ್ಯುಯಾನ್ ಕಣಗಳನ್ನು ಎಣಿಸುವ ಕೆಲಸ ಅದು. ಮೇಲಿನ ಬಂಡೆ ಉಳಿದೆಲ್ಲ ಕಣಗಳನ್ನು ತಡೆಯುತ್ತದೆ, ಆಳಕ್ಕೆ ಇಳಿಯಬಲ್ಲವು ಮಾತ್ರ ಉಪಕರಣಕ್ಕೆ ಸಿಗುತ್ತವೆ. 1965ರಲ್ಲಿ ಅದೇ ಗಣಿಯ ಎರಡು ಕಿಲೋಮೀಟರಿಗೂ ಹೆಚ್ಚಿನ ಆಳದಲ್ಲಿ ವಾತಾವರಣದ ನ್ಯೂಟ್ರಿನೊಗಳ ಸುಳಿವು ಸಿಕ್ಕಿತು. ಆ ತಂಡದಲ್ಲೂ ಶ್ರೀಕಂಠನ್ ಇದ್ದರು.

ಅಷ್ಟರಲ್ಲಿ ಅವರು ಅಮೆರಿಕದ ಎಂಐಟಿಯಲ್ಲಿ ರೊಸ್ಸಿ ಅವರ ಗುಂಪಿಗೆ ಹೋಗಿದ್ದರು. ಸ್ಕಾರ್ಪಿಯಸ್ ಎಕ್ಸ್-1 ಆಕಾಶದಲ್ಲಿ ನಿಖರವಾಗಿ ಎಲ್ಲಿದೆ ಎಂದು 1966ರಲ್ಲಿ ಗುರುತಿಸಿಕೊಟ್ಟ ಪ್ರಬಂಧದ ಲೇಖಕರ ಸಾಲಿನಲ್ಲಿ ಜಿಯಾಕೋನಿ, ಜಪಾನಿನ ಮಿನೋರು ಓಡಾ ಅವರ ಜೊತೆ ಶ್ರೀಕಂಠನ್ ಹೆಸರೂ ಇದೆ. ಆ ನೆಲೆ ಗೊತ್ತಾದ ಮೇಲೆಯೇ ಸಾಮಾನ್ಯ ದೂರದರ್ಶಕಗಳಿಗೆ ಆ ಮಂಕು ನಕ್ಷತ್ರ ಸಿಕ್ಕಿದ್ದು. ಊರಿಗೆ ಮರಳಿದ ಶ್ರೀಕಂಠನ್ 1968ರಿಂದ ಹೈದರಾಬಾದಿನಿಂದ ಬಲೂನುಗಳಲ್ಲಿ ಕ್ಷ-ಕಿರಣ ಉಪಕರಣಗಳನ್ನು ಏರಿಸತೊಡಗಿದರು. ತೆಳು ಪಾಲಿಥೀನಿನ ದೈತ್ಯ ಬಲೂನು ಸುಮಾರು 40 ಕಿಲೋಮೀಟರ್ ಏರುತ್ತದೆ. ಅಲ್ಲಿ ಮೇಲೆ ಉಳಿದಿರುವ ಗಾಳಿಯನ್ನು ದಾಟಿ ಶಕ್ತಿ ಹೆಚ್ಚಿರುವ ಕ್ಷ-ಕಿರಣಗಳು ಬರಬಲ್ಲವು. ಕೆಲವು ಗಂಟೆ ಎಣಿಸಿದ ಮೇಲೆ ರೇಡಿಯೋ ಆಜ್ಞೆಯಿಂದ ಉಪಕರಣವನ್ನು ಬಿಡಿಸಿದರೆ ಅದು ಪ್ಯಾರಾಚೂಟಿನಲ್ಲಿ ಯಾವುದೋ ಹೊಲಕ್ಕೆ ಇಳಿಯುತ್ತದೆ. ಅದನ್ನು ಹುಡುಕಿಕೊಂಡು ಹೋಗಿ ಊರವರಿಗೆ ಸಮಾಧಾನ ಹೇಳಿ ಎತ್ತಿಕೊಂಡು ಬರುವುದೂ ಖಗೋಳಜ್ಞರ ಕೆಲಸವೇ.

ಗಣಿಯ ಆಳ, ಬಲೂನಿನ ಎತ್ತರ. ಮೇಲ್ನೋಟಕ್ಕೆ ಎರಡು ಬೇರೆ ಬೇರೆ ವೃತ್ತಿಗಳಂತೆ ಕಾಣುತ್ತವೆ. ಎರಡರಲ್ಲೂ ಪ್ರಶ್ನೆ ಒಂದೇ: ಹೊರಗಿನಿಂದ ನಮ್ಮ ಮೇಲೆ ಏನು ಸುರಿಯುತ್ತಿದೆ, ಅದು ಎಲ್ಲಿಂದ ಬರುತ್ತಿದೆ? ಕೈಕೆಲಸವೂ ಒಂದೇ: ಕಣವನ್ನು ಎಣಿಸುವ ಕೌಂಟರು, ಅದರ ಎಲೆಕ್ಟ್ರಾನಿಕ್ಸ್. ಇವೆರಡು ಗಟ್ಟಿಯಾಗಿದ್ದುದರಿಂದಲೇ ಶ್ರೀಕಂಠನ್ ಸಂಸ್ಥೆಯ ನಿರ್ದೇಶಕರಾದ ಮೇಲೂ, ನಿವೃತ್ತರಾಗಿ ಬೆಂಗಳೂರಿನ ರಾಷ್ಟ್ರೀಯ ಉನ್ನತ ಅಧ್ಯಯನ ಸಂಸ್ಥೆಯಲ್ಲಿ ಕೂತ ಮೇಲೂ ಹೊಸ ವಿಷಯಗಳಿಗೆ ಹೆದರದೆ ಕೈ ಹಾಕಿದರು. "ನನ್ನ ಸ್ಪೆಷಲೈಜೇಶನ್ ಇದಲ್ಲ" ಎಂದು ಇಪ್ಪತ್ತೆರಡನೆಯ ವಯಸ್ಸಿಗೇ ಹೇಳುವ ಹುಡುಗರನ್ನು ಕಂಡಾಗ ನನಗೆ ಅವರ ನೆನಪಾಗುತ್ತದೆ.

ಸೋಲಿನ ಮಾತಿಗೆ ಬರುತ್ತೇನೆ. ಉಡುಪಿ ಬಳಿಯ ಅದಮಾರಿನವರಾದ ಯು. ಆರ್. ರಾವ್ ಅವರ ನೇತೃತ್ವದಲ್ಲಿ, ಪೀಣ್ಯದ ಶೆಡ್ಡುಗಳಲ್ಲಿ ಕಟ್ಟಿದ ಆರ್ಯಭಟ 1975ರ ಏಪ್ರಿಲ್ 19ರಂದು ಕಕ್ಷೆ ಸೇರಿತು. ಅದರೊಳಗೆ ಕ್ಷ-ಕಿರಣ ಉಪಕರಣವೂ ಇತ್ತು. ವಿದ್ಯುತ್ ಪೂರೈಕೆಯ ದೋಷದಿಂದ ಕೆಲವೇ ದಿನಗಳಲ್ಲಿ ವಿಜ್ಞಾನದ ಉಪಕರಣಗಳು ನಿಂತುಹೋದವು. ಆದರೆ ಉಪಗ್ರಹ ಕಟ್ಟುವ ಕೈಗಳು ಆ ಶೆಡ್ಡುಗಳಲ್ಲೇ ಪಳಗಿದವು.

ಇದಕ್ಕಿಂತ ಕಠಿಣ ಕಥೆ ಜಪಾನಿನದು. 1980ರ ದಶಕದಲ್ಲಿ ನಾಸಾದ ಗಾಡರ್ಡ್ ಕೇಂದ್ರದವರು ಒಂದು ಹೊಸ ಉಪಾಯ ಕಂಡುಹಿಡಿದರು. ಸಣ್ಣ ತುಣುಕೊಂದನ್ನು ಪರಮ ಶೂನ್ಯಕ್ಕಿಂತ ಬರೀ 0.05 ಡಿಗ್ರಿ ಮೇಲಿಟ್ಟು, ಅದಕ್ಕೆ ಒಂದೇ ಒಂದು ಕ್ಷ-ಕಿರಣ ಫೋಟಾನ್ ಬಡಿದಾಗ ಏರುವ ಶಾಖವನ್ನು ಅಳೆದರೆ, ಆ ಫೋಟಾನಿನ ಶಕ್ತಿ ಬಹು ನಿಖರವಾಗಿ ತಿಳಿಯುತ್ತದೆ. ರಿಚರ್ಡ್ ಕೆಲ್ಲಿ ಮತ್ತು ಸಂಗಡಿಗರು ಜಪಾನಿನವರ ಜೊತೆ ಸೇರಿ ಇದನ್ನು ಅಂತರಿಕ್ಷಕ್ಕೆ ಕೊಂಡೊಯ್ಯಲು ನಿಂತರು. 2000ದ ಫೆಬ್ರವರಿಯಲ್ಲಿ ರಾಕೆಟ್ ವಿಫಲವಾಗಿ ಮೊದಲ ಉಪಗ್ರಹ ಹೋಯಿತು. 2005ರಲ್ಲಿ ಸುಝಾಕು ಏರಿತು, ಆದರೆ ಕೆಲವೇ ವಾರಗಳಲ್ಲಿ ತಂಪು ಕಾಯುವ ದ್ರವ ಹೀಲಿಯಂ ಆವಿಯಾಗಿ ಈ ಉಪಕರಣ ಕೆಟ್ಟಿತು. 2016ರಲ್ಲಿ ಹಿಟೋಮಿ ಹೋಯಿತು. ಪರ್ಸಿಯಸ್ ಗೆಲಾಕ್ಸಿ ಗುಚ್ಛದ ಬಿಸಿ ಅನಿಲ ಸೆಕೆಂಡಿಗೆ ಸುಮಾರು 164 ಕಿಲೋಮೀಟರ್ ವೇಗದಲ್ಲಿ ಕಲಕಾಡುತ್ತಿದೆ ಎಂದು ಅಳೆಯಿತು. ಎಲ್ಲರೂ ಕುಣಿದಾಡುವ ಹೊತ್ತಿಗೆ, ಏರಿದ ಐದೇ ವಾರಕ್ಕೆ, ದಿಕ್ಕು ಕಾಯುವ ವ್ಯವಸ್ಥೆ ಎಡವಿತು. ತಾನು ತಿರುಗುತ್ತಿದ್ದೇನೆ ಎಂದು ತಪ್ಪಾಗಿ ತಿಳಿದ ಉಪಗ್ರಹ ಅದನ್ನು ಸರಿಪಡಿಸಲು ಹೋಗಿ ನಿಜವಾಗಿಯೂ ತಿರುಗತೊಡಗಿತು. ತಪ್ಪು ಅಂಕಿ ತುಂಬಿದ್ದ ಆಜ್ಞೆ ಆ ತಿರುಗಾಟವನ್ನು ಇನ್ನೂ ಹೆಚ್ಚಿಸಿತು. ಸೌರಫಲಕಗಳು ಮುರಿದು ಹಾರಿದವು. ಕೈಗೆ ಬಂದ ತುತ್ತು ಬಾಯಿಗೆ ಬರಲಿಲ್ಲ.

ಅವರು ಮತ್ತೆ ಕಟ್ಟಿದರು. 2023ರ ಸೆಪ್ಟೆಂಬರ್ 7ರಂದು ತಾನೆಗಾಶಿಮಾದಿಂದ ಎಕ್ಸ್‌ರಿಸಂ ಏರಿತು. ಈ ಸಲ ಉಪಕರಣದ ಮುಂದಿನ ಕವಾಟ ತೆರೆದುಕೊಳ್ಳಲಿಲ್ಲ. 1961ರ ಜಿಯಾಕೋನಿಯ ಬಾಗಿಲಿನದೇ ಪಾಡು. ಆದರೂ ಕವಾಟದ ತೆಳು ಕಿಟಕಿಯನ್ನು ದಾಟಿ ಬರುವ ಕಿರಣಗಳಿಂದಲೇ ಅದು ಇಂದು ಮೊದಲೆಂದೂ ಸಿಗದಷ್ಟು ಸೂಕ್ಷ್ಮ ಅಳತೆ ಕೊಡುತ್ತಿದೆ. ಒಂದು ಪ್ರಶ್ನೆ, ಒಂದು ಕೈಕೆಲಸ, ನಾಲ್ಕು ಉಪಗ್ರಹ, ಸುಮಾರು ನಲವತ್ತು ವರ್ಷ. ತಾಳಿದವನು ಬಾಳಿಯಾನು ಎಂಬ ಗಾದೆಗೆ ಒಂದು ಮಾತು ಸೇರಿಸಬೇಕೆನಿಸುತ್ತದೆ: ತಾಳುವ ಕಾಲದಲ್ಲಿ ಕೈ ಕಟ್ಟಿ ಕೂರದವನು ಬಾಳಿಯಾನು.

ಈ ವೃತ್ತಿಯ ನಿಜವಾದ ಶೀಲ ಗೊತ್ತಾಗುವುದು ಹಿನ್ನೆಲೆಯ ಲೆಕ್ಕದಲ್ಲಿ. ಉಪಗ್ರಹದಿಂದ ನಿಮಗೆ ಬರುವುದು ಬಣ್ಣದ ಚಿತ್ರವಲ್ಲ, ಒಂದು ಪಟ್ಟಿ. ಒಂದೊಂದು ಫೋಟಾನಿಗೆ ಒಂದೊಂದು ಸಾಲು: ಯಾವ ಕ್ಷಣಕ್ಕೆ ಬಂತು, ಎಲ್ಲಿ ಬಿತ್ತು, ಅದರ ಶಕ್ತಿ ಎಷ್ಟು. ಮಂಕು ಮೂಲವಾದರೆ ದಿನಗಟ್ಟಲೆ ನೋಡಿದರೂ ಬೆರಳೆಣಿಕೆಯಷ್ಟು ಸಾಲುಗಳು. ಅದೇ ಪಟ್ಟಿಯಲ್ಲಿ ಕಾಸ್ಮಿಕ್ ಕಿರಣಗಳು ಮೂಡಿಸಿದ ಸುಳ್ಳು ಸಾಲುಗಳೂ ಇರುತ್ತವೆ. ಅಕ್ಕಿಯಲ್ಲಿ ಕಲ್ಲು ಆರಿಸುವವರಿಗೆ ಕಲ್ಲು ಕಣ್ಣಿಗೆ ಬೀಳುತ್ತದೆ, ಇಲ್ಲಿ ಕಲ್ಲಿಗೂ ಅಕ್ಕಿಗೂ ಒಂದೇ ಬಣ್ಣ. ಮೂಲವಿಲ್ಲದ ಖಾಲಿ ಆಕಾಶವನ್ನು ಅಷ್ಟೇ ಶ್ರದ್ಧೆಯಿಂದ ಅಳೆದು, ಎಷ್ಟು ಸುಳ್ಳು ಸೇರಿರಬಹುದೆಂದು ಅಂದಾಜು ಮಾಡಿ ಕಳೆಯಬೇಕು. ಉಳಿದದ್ದು ಆಕಸ್ಮಿಕ ಏರಿಳಿತಕ್ಕಿಂತ ದೊಡ್ಡದೇ ಎಂದು ಕೇಳಿಕೊಳ್ಳಬೇಕು. ಮೂರು ವರ್ಷ ದುಡಿದ ಮೇಲೆ "ಏನೂ ಇಲ್ಲ" ಎಂಬ ಉತ್ತರ ಬಂದರೆ ಹಾಗೆಯೇ ಬರೆಯುವ ಎದೆಗಾರಿಕೆ ಬೇಕು. ಗಣಿತ ಬರುವವರು ಬೇಕಾದಷ್ಟು ಜನ ಇದ್ದಾರೆ, ಈ ಎದೆಗಾರಿಕೆ ಇರುವವರು ಕಡಿಮೆ.

ಒಬ್ಬರೇ ಮಾಡುವ ಕೆಲಸವೂ ಇದಲ್ಲ. 2015ರ ಸೆಪ್ಟೆಂಬರ್ 28ರಂದು ಶ್ರೀಹರಿಕೋಟಾದಿಂದ ಏರಿದ ಆಸ್ಟ್ರೋಸ್ಯಾಟ್‌ಗೆ ಸರ್ಕಾರದ ಒಪ್ಪಿಗೆ ಸಿಕ್ಕಿದ್ದು 2004ರಲ್ಲಿ. ಮುಂಬೈ, ಪುಣೆ, ಬೆಂಗಳೂರು, ಅಹಮದಾಬಾದಿನ ಸಂಸ್ಥೆಗಳು ಸೇರಿ ಅದನ್ನು ಕಟ್ಟಿದವು. ಅದರ ಒಂದು ಉಪಕರಣದಲ್ಲಿ ಕ್ಸೆನಾನ್ ಅನಿಲ ತುಂಬಿದ ಮೂರು ದೊಡ್ಡ ಕೌಂಟರುಗಳಿದ್ದವು, ಏರಿದ ಮೇಲೆ ಒಂದರಲ್ಲಿ ಅನಿಲ ಸೋರತೊಡಗಿತು. ಉಳಿದವುಗಳಿಂದ ಕೆಲಸ ಮುಂದುವರಿಸಿದರು. 2024ರ ಜನವರಿ 1ರಂದು ಏರಿದ ಎಕ್ಸ್‌ಪೋಸ್ಯಾಟ್‌ನ ಪೋಲಿಕ್ಸ್ ಉಪಕರಣವನ್ನು ಬೆಂಗಳೂರಿನ ರಾಮನ್ ಸಂಶೋಧನಾ ಸಂಸ್ಥೆಯಲ್ಲಿ ಕಟ್ಟಿದರು. ನಡುವೆ ಬೆರಿಲಿಯಂ ಬಿಲ್ಲೆ, ಸುತ್ತ ನಾಲ್ಕು ಕೌಂಟರು. ಬಿಲ್ಲೆಗೆ ಬಡಿದ ಕಿರಣಗಳು ಯಾವ ಕಡೆ ಹೆಚ್ಚು ಚದುರುತ್ತವೆ ಎಂದು ಎಣಿಸಿ ಅವುಗಳ ಧ್ರುವೀಕರಣವನ್ನು ತಿಳಿಯುವ ಸಾಧನ ಅದು. ಇಂಥ ಉಪಕರಣದಲ್ಲಿ ತಂತಿ ಬೆಸೆಯುವ ತಂತ್ರಜ್ಞನ ಕೈ ನಡುಗಿದರೆ ಪ್ರೊಫೆಸರರ ಸಿದ್ಧಾಂತ ನೆಲ ಕಚ್ಚುತ್ತದೆ. ಹೀಗಾಗಿ ಕಾರ್ಯಾಗಾರದವರನ್ನು ಗೌರವದಿಂದ ಮಾತಾಡಿಸಿ, ಅವರಿಂದ ಕಲಿಯಿರಿ. ಪ್ರಬಂಧದಲ್ಲಿ ನಿಮ್ಮ ಹೆಸರು ಐವತ್ತನೆಯದಾಗಿ ಬಂದರೆ ಮುಖ ಸಣ್ಣದು ಮಾಡಬೇಡಿ.

ಹೆಣ್ಣುಮಕ್ಕಳಿಗೆ ಒಂದು ಮಾತು. ಪಲ್ಸಾರ್ ಕಂಡುಹಿಡಿದ ಜಾಸೆಲಿನ್ ಬೆಲ್ ಬರ್ನೆಲ್ ಅವರ ಹೆಸರು ನಿಮಗೆ ಗೊತ್ತಿರುತ್ತದೆ. ಆ ಶೋಧಕ್ಕೆ ಬಂದ ನೊಬೆಲ್‌ನಲ್ಲಿ ಅವರಿಗೆ ಪಾಲು ಸಿಗಲಿಲ್ಲ ಎಂಬುದೂ ಗೊತ್ತಿರುತ್ತದೆ. ಆಮೇಲೆ ಅವರು ಮಗುವನ್ನು ಸಾಕುತ್ತ, ಅರೆಕಾಲಿಕ ಹುದ್ದೆಗಳಲ್ಲಿ ವರ್ಷಗಟ್ಟಲೆ ದುಡಿದರು. ಅದರಲ್ಲಿ ಬಹುಕಾಲ ಬ್ರಿಟನ್ನಿನ ಏರಿಯಲ್-5 ಉಪಗ್ರಹದ ಕ್ಷ-ಕಿರಣ ಖಗೋಳದಲ್ಲಿ ಕಳೆಯಿತು. 2018ರಲ್ಲಿ ದೊಡ್ಡ ಮೊತ್ತದ ಬಹುಮಾನವೊಂದು ಬಂದಾಗ ಅಷ್ಟನ್ನೂ ಭೌತವಿಜ್ಞಾನದಲ್ಲಿ ಅವಕಾಶ ಕಡಿಮೆಯಿರುವ ವಿದ್ಯಾರ್ಥಿಗಳ ವೇತನಕ್ಕೆ ಕೊಟ್ಟುಬಿಟ್ಟರು. ದಾರಿ ಅಡ್ಡಾದಿಡ್ಡಿಯಾದರೂ ನಡೆಯಬಹುದು ಎಂಬುದಕ್ಕೆ ಅವರು ಸಾಕ್ಷಿ. ಆದರೆ ಹಾಗೆ ನಡೆಯುವವಳಿಗೆ ಮನೆಯವರು ಹೆಗಲು ಕೊಡಬೇಕು. ಈ ಮಾತು ನಿಮ್ಮ ಅಪ್ಪ ಅಮ್ಮನ ಕಿವಿಗೂ ಬೀಳಲಿ.

ಹೊಟ್ಟೆಪಾಡಿನ ಪ್ರಶ್ನೆಯನ್ನು ಅವರು ಕೇಳುತ್ತಾರೆ, ಕೇಳಬೇಕು ಕೂಡ. ಕಾಯಂ ಸಂಶೋಧನಾ ಹುದ್ದೆಗಳು ಕಡಿಮೆ. ಪಿಎಚ್‌ಡಿಗೆ ಐದಾರು ವರ್ಷ, ಅದರ ಮೇಲೆ ಊರೂರು ಅಲೆಯುವ ತಾತ್ಕಾಲಿಕ ಹುದ್ದೆಗಳು. ಗೆಳೆಯರು ಮನೆ ಕಟ್ಟುವಾಗ ನೀವು ಬಾಡಿಗೆ ಕೋಣೆಯಲ್ಲಿ ಇರುತ್ತೀರಿ. ಆದರೆ ಕೈಕೆಲಸ ಕಲಿತವರು ಉಪವಾಸ ಬೀಳುವುದಿಲ್ಲ. ಜಿಯಾಕೋನಿ ದುಡಿದ ಅದೇ ಕಂಪನಿ ಮುಂದೆ ವಿಮಾನ ನಿಲ್ದಾಣಗಳಲ್ಲಿ ಚೀಲ ತಪಾಸಿಸುವ ಕ್ಷ-ಕಿರಣ ಯಂತ್ರಗಳಿಗೆ ಹೆಸರಾಯಿತು. ಶೋಧಕ ಕಟ್ಟಬಲ್ಲವರು, ಸಣ್ಣ ಲೆಕ್ಕದಿಂದ ಸತ್ಯ ಹೆಕ್ಕಬಲ್ಲವರು ಆಸ್ಪತ್ರೆಯ ಸ್ಕ್ಯಾನರಿಗೂ ಬೇಕು, ಇಸ್ರೋಗೂ ಬೇಕು, ದತ್ತಾಂಶದ ಕಂಪನಿಗಳಿಗೂ ಬೇಕು.

ಈಗ ಪರೀಕ್ಷೆಯ ಮಾತು. ಬಿಎಸ್ಸಿಯಲ್ಲಿ ಭೌತವಿಜ್ಞಾನ, ಗಣಿತ ಗಟ್ಟಿ ಮಾಡಿಕೊಳ್ಳಿ. ಎಂಎಸ್ಸಿಗೆ ಜ್ಯಾಮ್, ಸಂಶೋಧನೆಗೆ ಜೆಸ್ಟ್, ನೆಟ್, ಗೇಟ್ ಇವೆ. ಭಾರತೀಯ ವಿಜ್ಞಾನ ಸಂಸ್ಥೆ, ರಾಮನ್ ಸಂಸ್ಥೆ, ಕೋರಮಂಗಲದ ಭಾರತೀಯ ಖಭೌತ ಸಂಸ್ಥೆ, ಪುಣೆಯ ಅಯೂಕಾ, ಮುಂಬೈಯ ಟಾಟಾ ಸಂಸ್ಥೆ ಇವುಗಳ ಜಾಲತಾಣಗಳನ್ನು ನೋಡುತ್ತಿರಿ. ರಜೆಯಲ್ಲಿ ವಿದ್ಯಾರ್ಥಿಗಳನ್ನು ಕರೆದು ಕೆಲಸ ಕೊಡುವ ಪದ್ಧತಿ ಇವುಗಳಲ್ಲಿದೆ. ಪೈಥಾನ್ ಕಲಿಯಿರಿ. ಬೆಸುಗೆ ಹಾಕುವುದನ್ನು ಕಲಿಯಿರಿ. ಪ್ವಾಸಾನ್ ವಿತರಣೆಯನ್ನು ಪರೀಕ್ಷೆಗೆ ಉರು ಹೊಡೆಯದೆ ಅರ್ಥ ಮಾಡಿಕೊಳ್ಳಿ. ಬೆಂಗಳೂರಿನ ಹೊರಗಿನ ಬ್ಯಾಲಾಳು ಕೇಂದ್ರಕ್ಕೆ ಬಂದಿಳಿದ ಆಸ್ಟ್ರೋಸ್ಯಾಟ್ ದತ್ತಾಂಶ ಮೀಸಲು ಅವಧಿ ಮುಗಿದ ಮೇಲೆ ಎಲ್ಲರಿಗೂ ಮುಕ್ತ. ಚಂದ್ರಾದ್ದೂ ಹಾಗೆಯೇ. ಕಲಬುರಗಿಯಲ್ಲೋ ಸಾಗರದಲ್ಲೋ ಕೂತು ಅದೇ ಪಟ್ಟಿಯನ್ನು ತೆರೆದು ನೋಡಲು ಯಾರ ಅಪ್ಪಣೆಯೂ ಬೇಕಿಲ್ಲ.

ಅದಕ್ಕೂ ಮೊದಲು ನಿಮ್ಮ ಕಾಲೇಜಿನ ಬೀರುವಿನಲ್ಲಿ ಗೈಗರ್ ಕೌಂಟರ್ ಇದೆಯೇ ಎಂದು ಕೇಳಿ. ಇದ್ದರೆ ಹತ್ತಿರ ಯಾವ ವಿಕಿರಣ ಮೂಲವನ್ನೂ ಇಡದೆ ಚಾಲೂ ಮಾಡಿ, ಒಂದು ಗಂಟೆ ಕೂತು ನಿಮಿಷ ನಿಮಿಷಕ್ಕೂ ಎಣಿಕೆ ಬರೆದುಕೊಳ್ಳಿ. ಒಂದು ನಿಮಿಷ 25 ಬಂದರೆ ಮುಂದಿನದರಲ್ಲಿ 19 ಬರುತ್ತದೆ, ಅದರಾಚೆ 31. ಯಾಕೆ ಹೀಗೆ ಏರಿಳಿಯುತ್ತದೆ, ಎಷ್ಟು ಏರಿಳಿದರೆ ಸಹಜ, ಯಾವ ಅಂಕಿ ಬಂದರೆ ಹೊಸದೇನೋ ಇದೆ ಎಂದು ಅನುಮಾನಿಸಬೇಕು ಎಂದು ಯೋಚಿಸಿ, ಗ್ರಾಫ್ ಎಳೆಯಿರಿ. ಆ ಒಂದು ಗಂಟೆ ನಿಮಗೆ ಬೇಸರ ತಂದರೆ ಕಪ್ಪುಕುಳಿಗಳ ಬಗ್ಗೆ ಸಂತೋಷವಾಗಿ ಓದಿಕೊಂಡಿರಿ, ಬದುಕಿಗೆ ಬೇರೆ ವೃತ್ತಿ ಹುಡುಕಿ. ಅದರಲ್ಲಿ ಕಡಿಮೆಯೇನಿಲ್ಲ. ಗಂಟೆ ಮುಗಿದದ್ದು ಗೊತ್ತಾಗದೆ, ನಾಳೆ ಇದನ್ನು ಮಾಳಿಗೆಯ ಮೇಲೆ ಇಟ್ಟರೆ ಅಂಕಿ ಬದಲಾದೀತೇ ಎಂಬ ಪ್ರಶ್ನೆ ಹುಟ್ಟಿದರೆ, ಧೈರ್ಯವಾಗಿ ಬನ್ನಿ. ಅರ್ಜಿ ತುಂಬಲು ನಾನೇ ಸಹಾಯ ಮಾಡುತ್ತೇನೆ.